ಮೂವತ್ತೆರಡನೆಯ ಕೊಕ್ಕೆ

ಮಂಜಿನ ತಿಂಗಳು ೨, ಸೋಮವಾರ. ಬೆಳಿಗ್ಗೆ ೭

ಮೂವತ್ತೊಂದು ಬತ್ತಿ. ಇರಬೇಕಾದದ್ದು ಮೂವತ್ತೆರಡು, ಕಡಲಿಗೆ ಹೋದ ಒಬ್ಬೊಬ್ಬರಿಗೂ ಒಂದು. ಎರಡು ಸಲ ಎಣಿಸಿದೆ. ಟೈಲರಮ್ಮನ ಮನೆಯ ಕೊಕ್ಕೆ ಖಾಲಿ.

ಮಂಜು ಇಳಿದು ನಾಲ್ಕು ದಿನ. ಇನ್ನು ತಿಂಗಳಿಡೀ ದೀಪಸ್ತಂಭದ ದೀಪ ಹಗಲೂ ಉರಿಯಬೇಕು. ಎಣ್ಣೆ ಹೊತ್ತು ನೂರಾ ಹನ್ನೆರಡು ಮೆಟ್ಟಿಲು, ದಿನಕ್ಕೆ ಮೂರು ಸಲ. ಇವರ ಮೊಣಕಾಲು ಕೈಕೊಟ್ಟು ನಾಲ್ಕು ವರ್ಷ. ಅಂದಿನಿಂದ ಮೇಲೆ ಹತ್ತಿಲ್ಲ. ಕೆಳಗೆ ಕೂತು “ಲೆನ್ಸ್ ಒರೆಸಿದ್ಯೇನೇ?” ಅಂತ ಕೂಗುವುದು ಇವರ ಡ್ಯೂಟಿ. ಕೂಗಲಿ ಬಿಡಿ, ಗಂಟಲಿಗೆ ಮೊಣಕಾಲಿಲ್ಲವಲ್ಲ.

ಬಾಗಿಲ ಪಕ್ಕದ ತಗಡಿನ ಬೋರ್ಡು ಮಂಕಾಗಿತ್ತು. ಅಕ್ಷರಗಳ ಮೇಲೆ ಮತ್ತೆ ಬಣ್ಣ ಎಳೆದೆ. ಮೂರೇ ಸಾಲು. ಹೊಸೆದವರೇ ತಂದು ಕೊಕ್ಕೆಗೆ ಹಾಕಬೇಕು. ಒಬ್ಬರಿಗೆ ಒಂದೇ ಬತ್ತಿ. ದೀಪದವರು ಹೊಸೆಯಬಾರದು.

ಬಣ್ಣ ಎಳೆಯುವಾಗ ಅತ್ತೆಯವರು ನೆನಪಾದರು. ಈ ದೀಪವನ್ನು ನನ್ನ ಕೈಗೆ ಕೊಟ್ಟ ದಿನ ಹೇಳಿದ್ದರು: “ಮಂಜಲ್ಲಿ ಸಿಕ್ಕೋನಿಗೆ ಇಷ್ಟು ದೊಡ್ಡ ದೀಪ ಕಾಣಲ್ಲ ಕಣಮ್ಮ. ಅವನ ಮನೆಯವರು ಹೊಸೆದ ಬತ್ತಿ ಒಂದೇ ಕಾಣೋದು. ಹೊಸೆದ ಕೈ ಯಾವ ಮನೇದೋ ಆ ಮನೆಗೆ ಬರ್ತಾನೆ. ಎರಡು ಹಚ್ಚಿದ್ಯೋ, ಎರಡು ಮನೆ ನಡುವೆ ಬಂಡೆಗೆ ಹೋಗಿ ಬಡೀತಾನೆ.” ಆಗ ಹೂಂಗುಟ್ಟಿದ್ದೆ.

ಟೈಲರಮ್ಮನ ಮಗ ಗುಂಗುರು ಮೀನಿಗೆಂದು ಕಡಲಿಗೆ ಹೋಗಿ ಐದು ದಿನ. ಒಂಟಿ ದೋಣಿ. ಅವನಪ್ಪನದು, ಹಲಗೆ ಕೊಳೆತು ಮೂಲೆಯಲ್ಲಿ ಬಿದ್ದಿತ್ತು. ರಿಪೇರಿ ಮಾಡಿಕೊಟ್ಟವರು ಇವರೇ. ಬಡಗಿಯ ಕೈ, ಸುಮ್ಮನಿರಬೇಕಲ್ಲ.

ಗುಂಗುರು ಏಳು ವರ್ಷದವನಿದ್ದಾಗ ಈ ಮೆಟ್ಟಿಲ ಮೇಲೆಯೇ ನೂರಾ ಹನ್ನೆರಡರ ತನಕ ಎಣಿಸಲು ಕಲಿತ. ಎಪ್ಪತ್ತೊಂಬತ್ತು ಆದಮೇಲೆ ಪ್ರತಿ ಸಲ ತೊಂಬತ್ತು ಅನ್ನುತ್ತಿದ್ದ.

ಸಂಜೆ — ಉಣ್ಣೆಯ ಟೊಪ್ಪಿಗೆ ಹೆಣೆಯಲು ಶುರು ಮಾಡಿದೆ. “ಯಾರಿಗೇ?” ಅಂದರು ಇವರು. ಯಾರಿಗಾದರೂ ಆಗುತ್ತೆ ಅಂದೆ. “ಕೂಸು ಹುಟ್ಟೋಕೆ ಮುಂಚೆ ಕುಲಾವಿ” ಅಂತ ನಕ್ಕು, ತಟ್ಟನೆ ಬಾಯಿ ಮುಚ್ಚಿಕೊಂಡರು. ಈ ಮನೆಯಲ್ಲಿ ಆ ಗಾದೆ ಆಡಿ ಇಪ್ಪತ್ತು ವರ್ಷವಾಗಿತ್ತು.

೫, ಗುರುವಾರ

ಹರಿದ ಅಂಗಿಯ ನೆಪದಲ್ಲಿ ಟೈಲರಮ್ಮನ ಅಂಗಡಿಗೆ ಹೋದೆ. ತೂತು ಸಣ್ಣದಿತ್ತು. ದಾರಿಯಲ್ಲಿ ಬೆರಳು ಹಾಕಿ ದೊಡ್ಡದು ಮಾಡಿಕೊಂಡೆ.

ಮಷೀನು ನಿಲ್ಲಿಸಲಿಲ್ಲ ಅವಳು. ತುಳಿಯುತ್ತಲೇ ಮಾತು.

“ಸೋಮವಾರ ಬತ್ತಿ ಬರಲಿಲ್ಲ ಟೈಲರಮ್ಮ.”

“ನಮ್ಮನೆಯಿಂದ ಕಡಲಿಗೆ ಯಾರೂ ಹೋಗಿಲ್ಲ.”

“ಮಂಜು ದಟ್ಟ ಇದೆ. ಕೋಪ ಆಮೇಲೆ ಮಾಡ್ಕೊಳ್ಳಿ.”

ಆಗ ನಿಲ್ಲಿಸಿದಳು. “ನನ್ನ ತಲೆ ಮೇಲೆ ಕೈಯಿಟ್ಟು ಆಣೆ ಮಾಡಿದ್ದ ದೀಪದಕ್ಕ, ನೀರಿಗಿಳಿಯಲ್ಲ ಅಂತ. ಅವರಪ್ಪನ್ನ ನುಂಗಿದ ನೀರದು. ನಿಮ್ಮೆಜಮಾನ್ರು ಕದ್ದುಮುಚ್ಚಿ ದೋಣಿಗೆ ಹಲಗೆ ಹೊಡೆದುಕೊಟ್ರು. ನೀವು ಪಕ್ಕದಲ್ಲಿ ನಿಂತು ಟೀ ಕೊಟ್ರಿ. ಈಗ ಬತ್ತಿ ಕೇಳೋಕೆ ಬಂದಿದೀರಿ. ಮಗು ಚಿವುಟೋರೂ ನೀವೇ, ತೊಟ್ಟಿಲು ತೂಗೋರೂ ನೀವೇ.”

ಟೀ ಕೊಟ್ಟದ್ದು ನಿಜ.

ತೂತಿಗೆ ತೇಪೆ ಹಾಕಿಕೊಟ್ಟಳು. ಹೊಲಿಗೆ ಎಲ್ಲಿದೆ ಅಂತ ಹುಡುಕಿದರೂ ಸಿಗದು. ಕೆಲಸದಲ್ಲಿ ಮಾತ್ರ ಕೋಪ ತೋರಿಸುವವಳಲ್ಲ.

ದಾರಿಯುದ್ದಕ್ಕೂ ಅವಳನ್ನು ಬೈದುಕೊಂಡೆ. ಇಂಥ ಮಗ ಇದ್ದೂ ಇಂಥ ಹಟ. ಇಲ್ಲದವರನ್ನು ಕೇಳಬೇಕು…

೯, ಸೋಮವಾರ. ಮಧ್ಯಾಹ್ನ ೧೨

ಇವತ್ತೂ ಮೂವತ್ತೊಂದೇ.

ಹನ್ನೊಂದಕ್ಕೆ ಬಲೆ ಮಾವ ದಡ ಮುಟ್ಟಿದರು. ಅರವತ್ತು ದಾಟಿದ ಮೀನುಗಾರ, ಊರಿಗೆಲ್ಲ ಮಾವ. ಬಲೆ ಇಳಿಸುವುದನ್ನೂ ಬಿಟ್ಟು ನೇರ ಇಲ್ಲಿಗೆ ಬಂದರು. ಗಂಟಲು ಬಿದ್ದುಹೋಗಿತ್ತು.

“ನಿನ್ನೆ ಗುಂಗುರು ಸಿಕ್ಕಿದ್ದಮ್ಮ. ದಡ ಬಿಟ್ಟು ಆ ಕಡೆಗೆ ಹೋಗ್ತಿದ್ದ. ಏಯ್, ದೀಪ ಈ ಕಡೆ ಅಲ್ವೇನೋ ಅಂದೆ. ‘ಯಾವ ದೀಪ ಮಾವ?’ ಅಂದ. ನನ್ನ ಹಿಂದೇನೇ ಬಾ ಅಂದೆ, ಹೂಂ ಅಂದ. ತಿರುಗಿ ನೋಡಿದ್ರೆ ಬರೀ ಮಂಜು. ಕೂಗಿದೆ, ಕೂಗಿದೆ…”

“ಅವರಮ್ಮಂಗೆ ಹೇಳಿದ್ರಾ?”

“ಆ ತಾಯಿ ಮುಂದೆ ನಿಂತು ಹೇಳೋ ಎದೆ ನನಗಿಲ್ಲ. ನೀವೇ ಹೇಳಿ. ಕೇಳಿದ್ರೆ ಓಡಿ ಬಂದು ಬತ್ತಿ ಕೊಡ್ತಾರೆ.”

ಹದಿನೈದು ದಿನದ ನೀರು ತುಂಬಿಕೊಂಡು ಹೋಗಿದ್ದಾನೆ ಅನ್ನುತ್ತಾರೆ ಇವರು. ಇವತ್ತಿಗೆ ಹನ್ನೆರಡು ದಿನ. ಈಗಲೇ ಹೊರಟೆ.

ಅದೇ ದಿನ, ೩ ಗಂಟೆ

ಹೋದೆ. ಅಂಗಡಿ ಮುಚ್ಚಿತ್ತು. ಕಾಯಲು ಹೊತ್ತಿರಲಿಲ್ಲ. ವಾಪಸ್ ಬಂದೆ.

ಹೊಸೆದೆ. ಬರೆದೇ ಬಿಡುತ್ತೇನೆ — ನಾನೇ ಹೊಸೆದೆ. ಮೂವತ್ತು ವರ್ಷ ಬೇರೆಯವರ ಬತ್ತಿಯನ್ನು ಚಿಮಟದಲ್ಲಿ ಹಿಡಿದ ಕೈ. ಹತ್ತಿ ಮುಟ್ಟಿದೊಡನೆ ಎಲ್ಲ ನೆನಪಾಯಿತು, ಅಂಗೈ ಮೇಲೆ ಸರಸರ ಓಡಿತು. ದೀಪದ ಮೂವತ್ತೆರಡನೆಯ ಬಾಯಿಗೆ ಇಟ್ಟು ಹಚ್ಚಿದೆ. ಚಟಪಟ ಅಂತು, ನಡುಗಿತು, ನಿಂತಿತು.

“ಟೈಲರಮ್ಮ ಕೊಟ್ರಾ?” ಕೆಳಗಿನಿಂದ ಇವರು.

“ಕೊಟ್ರು” ಅಂದೆ.

ಪ್ರಾಣ ದೊಡ್ಡದೋ ಬೋರ್ಡು ದೊಡ್ಡದೋ? ಯಾರಿದ್ದರೂ ಇದನ್ನೇ ಮಾಡುತ್ತಿದ್ದರು.

ಟೊಪ್ಪಿಗೆಯ ಕೊನೆಯ ಸುತ್ತು ಮುಗಿಯಿತು.

೧೧, ಬುಧವಾರ

ಬಂದ.

ಬೆಳಿಗ್ಗೆ ಹತ್ತರ ಹೊತ್ತಿಗೆ. ದೋಣಿ ಕಟ್ಟಿ, ಪೇಟೆಯ ದಾರಿ ಬಿಟ್ಟು ನೇರ ನಮ್ಮ ಬಾಗಿಲಿಗೆ. ತುಟಿ ಒಡೆದಿತ್ತು. ಗುಂಗುರು ಕೂದಲೆಲ್ಲ ಉಪ್ಪು. “ಅಮ್ಮಾ, ಹಸಿವು” ಅಂದ.

ಹೊಸೆದ ಕೈ ಯಾವ ಮನೇದೋ… ಗೊತ್ತಿತ್ತಲ್ಲ. ಆದರೂ ಕಿವಿಗೆ ಬೀಳುವ ತನಕ ಗೊತ್ತಿರಲಿಲ್ಲ.

ಅಡುಗೆಮನೆಗೆ ನುಗ್ಗಿ ಸರಿಯಾದ ಡಬ್ಬಿಗೇ ಕೈಹಾಕಿ ಬ್ರೆಡ್ಡು ತೆಗೆದ. ಒಲೆ ಪಕ್ಕದ ಮಣೆ ಎಳೆದು ಕೂತ, ಹುಟ್ಟಿದಾಗಿನಿಂದ ಅಲ್ಲೇ ಕೂತವನ ಹಾಗೆ. “ಅಪ್ಪ ಎಲ್ಲಿ? ಮೊಣಕಾಲು ಹೇಗಿದೆ?” ಅಂದ. ಇವರು ಬಾಗಿಲಲ್ಲೇ ನಿಂತಿದ್ದರು. ಅಂಗಳಕ್ಕೆ ಹೋದರು.

ನಾನು ಮೇಲೆ ಹತ್ತಿ ನನ್ನ ಬತ್ತಿ ಆರಿಸಿ ತೆಗೆದೆ. ಅರ್ಧ ಉರಿದಿತ್ತು. ಎಸೆಯಲಿಲ್ಲ.

ಇಳಿದು ಬಂದಾಗ ಇವರು ತಗ್ಗಿದ ದನಿಯಲ್ಲಿ: “ನನ್ನನ್ನ ಅಪ್ಪ ಅಂದ ಕಣೇ. ಎಷ್ಟು ಚೆನ್ನಾಗಿತ್ತು ಕೇಳೋಕೆ. ಕಳ್ಳಮಾಲು ಕಣೇ ಇದು. ವಾಪಸ್ ಕೊಡಬೇಕು.”

“ನಾಳೆ” ಅಂದೆ.

ಮಲಗಿದ್ದಾನೆ. ಟೊಪ್ಪಿಗೆ ಅಳತೆ ಸರಿಯಾಗಿದೆ.

೧೯, ಗುರುವಾರ

ಎಂಟು ದಿನ ಬರೆದಿಲ್ಲ. ಹೊತ್ತೆಲ್ಲಿತ್ತು? ಮೂವರಿಗೆ ಅಡುಗೆ. ಅವನ ಬಟ್ಟೆ. ಎಣ್ಣೆಯ ಕೊಡ ಅವನೇ ಹೊರುತ್ತಾನೆ, ಎರಡೆರಡು ಮೆಟ್ಟಿಲು ಹಾರಿ. ಎಪ್ಪತ್ತೊಂಬತ್ತು ಆದಮೇಲೆ ಏನು ಅಂದೆ. “ತೊಂಬತ್ತು” ಅಂತ ನಕ್ಕ. ನಾನು ಇಷ್ಟು ನಗಬಲ್ಲೆ ಅಂತ ನನಗೇ ಗೊತ್ತಿರಲಿಲ್ಲ.

ನಾಳೆ ನಾಳೆ ಅನ್ನುತ್ತಾ ಎಂಟು ನಾಳೆ ಕಳೆದವು. ಇವರು ಕೇಳುವುದನ್ನು ಬಿಟ್ಟಿದ್ದಾರೆ. ನನ್ನ ಜೊತೆ ಮಾತನ್ನೂ ಅರ್ಧ ಬಿಟ್ಟಿದ್ದಾರೆ.

ಇವತ್ತು ಊಟದ ಹೊತ್ತಿಗೆ ಹೇಳಿದರು, ಅವನು ಇಲ್ಲದಾಗ. “ನಿನ್ನೆ ಅವನ ಜೊತೆ ಪೇಟೆಗೆ ಹೋಗಿದ್ದೆ. ಅಂಗಡಿ ಬಾಗಿಲಲ್ಲಿ ನಿಂತಿದ್ಲು ಆ ತಾಯಿ. ಅವಳನ್ನ ನೋಡಿ, ‘ಅಪ್ಪ, ನಿಮ್ಮ ಕೋಟಿಗೆ ಗುಂಡಿ ಇಲ್ಲ, ಇಲ್ಲಿ ಕೇಳೋಣ್ವಾ?’ ಅಂದ. ಅವಳು ಒಳಗೆ ಹೋದ್ಲು. ಊರೆಲ್ಲ ಇದು ತಾಯಿ ಮಗನ ಜಗಳ ಅಂದ್ಕೊಂಡಿದೆ. ಅವಳೂ ಹಾಗೇ ಅಂದ್ಕೊಂಡಿದಾಳೆ. ಕೋಪ ಇಳಿದಮೇಲೆ ಬರ್ತಾನೆ ಅಂತ ಕಾಯ್ತಿದಾಳೆ.”

ತಟ್ಟೆ ಬಿಟ್ಟು ಎದ್ದೆ. ಹಸಿವಿರಲಿಲ್ಲ ಅಂತಲ್ಲ.

೨೦, ಶುಕ್ರವಾರ

ಅವಳೇ ಬಂದಳು.

ಮಧ್ಯಾಹ್ನ ಬಾಗಿಲು ಬಡಿದ ಸದ್ದು. ನಾನು ಒಲೆಯ ಮುಂದೆ. ತೆರೆದವನು ಅವನು. “ಅಮ್ಮಾ, ಯಾರೋ ಬಂದಿದಾರೆ” ಅಂತ ಒಳಕ್ಕೆ ಕೂಗಿದ. ಹೆತ್ತವಳ ಮುಖ ನೋಡುತ್ತಾ.

ಟೈಲರಮ್ಮ ಅವನನ್ನು ನೋಡಿದಳು, ನನ್ನನ್ನು ನೋಡಿದಳು. ತಲೆ ಮೇಲಿನ ಟೊಪ್ಪಿಗೆ ನೋಡಿದಳು. ಮುಷ್ಟಿ ಬಿಗಿಯಾಗಿತ್ತು. ಬಿಚ್ಚಿದಳು. ಮೂರು ಬತ್ತಿ.

“ಎರಡನೇ ತಾರೀಕಿಂದು, ಒಂಬತ್ತರದ್ದು, ಹದಿನಾರರದ್ದು” ಅಂದಳು. “ಪ್ರತಿ ಸೋಮವಾರ ಹೊಸೆದು ಮಷೀನಿನ ಡ್ರಾಯರಿಗೆ ಹಾಕ್ತಿದ್ದೆ. ತಂದು ಕೊಡೋಕೆ ಕಾಲು ಬರಲಿಲ್ಲ. ಯಾರಾದ್ರೂ ಇನ್ನೊಂದ್ಸಲ ಬಂದು ಕೇಳಿದ್ರೆ ಕೊಟ್ಟುಬಿಡ್ತಿದ್ದೆ.”

ಅವನು ಪಾಪ, “ಕೂತ್ಕೊಳ್ಳಿ, ನೀರು ಕೊಡ್ಲಾ?” ಅಂದ.

ಅವಳು ಕೂರಲಿಲ್ಲ. ಬತ್ತಿಗಳನ್ನು ಮತ್ತೆ ಮುಷ್ಟಿಯಲ್ಲಿ ಹಿಡಿದು ಹೋದಳು. ಇಳಿಜಾರಿನಲ್ಲಿ ಎರಡು ಸಲ ಎಡವಿದಳು, ನಾನು ಕಿಟಕಿಯಿಂದ ನೋಡುತ್ತಿದ್ದೆ.

ಒಂಬತ್ತನೆಯ ತಾರೀಕಿನ ಪುಟ ತೆಗೆದು ಓದಿದೆ. ‘ಅಂಗಡಿ ಮುಚ್ಚಿತ್ತು.’ ಸುಳ್ಳು. ಅಂಗಡಿ ತೆರೆದಿತ್ತು. ಮಷೀನಿನ ಸದ್ದು ಬೀದಿಗೆ ಕೇಳುತ್ತಿತ್ತು. ಮೂಲೆಯ ತನಕ ಹೋಗಿ ನಿಂತೆ. ಹೇಳಿದರೆ ಕೊಟ್ಟುಬಿಡುತ್ತಾಳೆ ಅನ್ನಿಸಿತು. ತಿರುಗಿ ಬಂದೆ.

ಯಾರೂ ಓದದ ಪುಸ್ತಕದಲ್ಲೂ ಸುಳ್ಳು ಬರೆದೆನಲ್ಲ. ಅಷ್ಟು ಬೇಕಾಗಿತ್ತು ನನಗೆ ಅವನು.

೨೨, ಭಾನುವಾರ

ಹೋಗಿ ಹೇಳಿದೆ. ಎಲ್ಲ. ಬಲೆ ಮಾವ ಹೇಳಿದ್ದು, ಮೂಲೆಯಲ್ಲಿ ನಿಂತದ್ದು, ಹೊಸೆದದ್ದು.

ಬೈಯಲಿ ಅಂತ ಕಾದೆ. ಕತ್ತರಿ ಕೆಳಗಿಟ್ಟಳು.

“ನೀನು ನನ್ನ ಮಗನ್ನ ಉಳಿಸಿದೆ” ಅಂದಳು. ಇಷ್ಟು ವರ್ಷದಲ್ಲಿ ಮೊದಲ ಸಲ ಏಕವಚನ. “ಹಾಗೇ ಕದ್ದೆ. ಯಾವುದಕ್ಕೆ ಏನು ಅನ್ನಲಿ ನಿನಗೆ? ಹೇಳು.”

ಅತ್ತುಬಿಟ್ಟೆ. ಅವಳು ಅಳಲಿಲ್ಲ.

ದಾರಿ ಒಂದೇ. ಅತ್ತೆಯವರ ಕಾಲದಲ್ಲೂ ಒಮ್ಮೆ ಹೀಗಾಗಿತ್ತಂತೆ, ಇವರಿಗೆ ನೆನಪಿದೆ. ಅವನು ಮತ್ತೆ ಮಂಜಿಗೆ ಹೋಗಬೇಕು. ದಡ ಮರೆಯಾಗುವಷ್ಟು ದೂರ. ಅವಳ ಬತ್ತಿ ಉರಿಯಬೇಕು, ನನ್ನದು ಉರಿಯಬಾರದು. ಆ ಬೆಳಕು ಹಿಡಿದು ಬಂದರೆ ಆ ಮನೆಗೆ ಬರುತ್ತಾನೆ.

“ಬರದಿದ್ರೆ?” ಅಂದಳು.

ಬರದಿದ್ದರೆ… ಕಡಲಿಗೆ ಕಳಿಸಬಾರದು ಅಂತ ಎರಡು ತಿಂಗಳು ಹಟ ಹಿಡಿದವಳು. ಈಗ ಅವಳೇ ಕಳಿಸಬೇಕು. ತನ್ನ ಕೈಯಲ್ಲಿ ಹೊಸೆದದ್ದನ್ನು ನಂಬಿ.

“ನಾನೂ ಮೇಲೆ ಬಂದು ಕೂತ್ಕೋತೀನಿ” ಅಂದಳು. “ನಿನ್ನನ್ನ ನಂಬಲ್ಲ.”

ನಾನೂ ನಂಬುವುದಿಲ್ಲ.

೨೩, ಸೋಮವಾರ. ೧೧ ಗಂಟೆ

ಮೂವತ್ತೆರಡು.

ಬೆಳಿಗ್ಗೆ ಆರಕ್ಕೆ ಹೊರಟ. ಅವನಿಗೇನು, ಮಂಜಿನಲ್ಲೇ ಮೀನು ಮೇಲೆ ಬರುವುದು, ತಾನೇ ಹೋಗಬೇಕೆಂದಿದ್ದ. “ಬುಧವಾರದೊಳಗೆ ಬಂದುಬಿಡ್ತೀನಿ ಅಮ್ಮಾ” ಅಂದ. ಬೆನ್ನ ಮೇಲೆ ಕೈಯಿಟ್ಟೆ. ಇದೇ ಕೊನೆಯ ಸಲ ಅಂತ ನನಗೆ ಗೊತ್ತಿತ್ತು, ಅವನಿಗೆ ಗೊತ್ತಿರಲಿಲ್ಲ. ಟೊಪ್ಪಿಗೆ ಹಾಕಿಕೊಂಡೇ ಹೋದ.

ಬತ್ತಿಯನ್ನು ಅವಳೇ ಹತ್ತಿ ಬಂದು ಇಟ್ಟಳು. ಒಂದೇ ಕಡ್ಡಿಗೆ ಹತ್ತಿಕೊಂಡಿತು. ನನ್ನದು ನಡುಗಿತ್ತು.

೨೪, ಮಂಗಳವಾರ

ಇಬ್ಬರೂ ಮೇಲೇ. ನಾನು ಎಣ್ಣೆ ಹೊಯ್ಯುತ್ತೇನೆ, ಅವಳು ಯಾರದೋ ಪ್ಯಾಂಟಿನ ಅಂಚು ಮಡಿಸುತ್ತಾಳೆ. ಗಾಜಿನಾಚೆ ಹತ್ತಿಯಂಥ ಮಂಜು.

ಮಧ್ಯಾಹ್ನ ದಾರ ಕಡಿಯುತ್ತಾ, ನನ್ನ ಕಡೆ ನೋಡದೆ ಕೇಳಿದಳು:

“ಆ ದಿನಗಳಲ್ಲಿ ಏನು ತಿಂದ?”

“ಮೀನು. ಬ್ರೆಡ್ಡು. ಚೆನ್ನಾಗಿ ತಿಂದ.”

“ಮುಳ್ಳು ಬಿಡಿಸಿಕೊಡಬೇಕು ಅವನಿಗೆ. ಇಷ್ಟು ದೊಡ್ಡವನಾದ್ರೂ.”

“ಬಿಡಿಸಿಕೊಟ್ಟೆ.”

ಸೂಜಿಗೆ ದಾರ ಪೋಣಿಸಲು ಹೋದಳು. ಕಣ್ಣು ತುಂಬಿ ಕಾಣುತ್ತಿರಲಿಲ್ಲ. ನಾನು ಈಸಿಕೊಂಡು ಪೋಣಿಸಿಕೊಟ್ಟೆ.

೨೫, ಬುಧವಾರ. ಸಂಜೆ ೪

ಎರಡೂವರೆಗೆ ದೋಣಿ ಕಂಡಿತು. ಬಂಡೆಗಳ ಎಡಕ್ಕೆ ಸರಿದು, ಒಂದು ಸಲವೂ ಅನುಮಾನಿಸದೆ ನೇರ ಬಂತು. ಅವಳು ಚೀರಿ ಮೆಟ್ಟಿಲಿಳಿದಳು. ಪ್ಯಾಂಟು, ಕತ್ತರಿ, ಚಪ್ಪಲಿ ಎಲ್ಲ ಇಲ್ಲೇ.

ನಾನು ಇಳಿಯಲಿಲ್ಲ. ಗಾಜಿಗೆ ಹಣೆಯಿಟ್ಟು ನೋಡಿದೆ. ದೋಣಿ ಕಟ್ಟಿದ. ದಾರಿ ಎರಡಾಗುವಲ್ಲಿ ನಿಂತ. ಪೇಟೆಯ ಕಡೆ ತಿರುಗಿದ. ಅಷ್ಟರಲ್ಲಿ ಬರಿಗಾಲಿನಲ್ಲಿ ಓಡಿಬಂದ ಅವಳು ಅವನ ಕಿವಿ ಹಿಡಿದಳು. ಹಿಂಡಿದಳು. ಆಮೇಲೆ ಅಪ್ಪಿಕೊಂಡಳು. ಇಷ್ಟೆತ್ತರದಿಂದ ಸದ್ದು ಕೇಳುವುದಿಲ್ಲ. ಆದರೆ ಬಾಯಿ ಆಡಿದ್ದು ಕಂಡಿತು. ಎರಡಕ್ಷರ. ಗೊತ್ತು ನನಗೆ ಯಾವ ಎರಡು ಅಂತ.

ಅವನು ಬದುಕಿದ್ದಾನೆ. ಅದೇ ಬೇಕಾಗಿದ್ದದ್ದು. ಅದೇ ಬೇಕಾಗಿದ್ದದ್ದು ಅಂತ ಹತ್ತು ಸಲ ಹೇಳಿಕೊಂಡೆ.

ಇವರು ನೀನು ಹೊಸೆದ ಬತ್ತಿ ಎಲ್ಲಿ ಅಂದರು. ಎಸೆದೆ ಅಂದೆ.

೨೮, ಶನಿವಾರ

ಅವಳ ಚಪ್ಪಲಿ, ಕತ್ತರಿ ಒಯ್ಯಲು ಅವನು ಬಂದಿದ್ದ. ಹೊರಗಿನ ಬೆಂಚಿನ ಮೇಲೆ ಕೂತ, ಬತ್ತಿ ಕೊಡಲು ಬಂದವರೆಲ್ಲ ಕೂರುವ ಹಾಗೆ. “ಸ್ವಲ್ಪ ನೀರು ಕೊಡ್ತೀರಾ ದೀಪದಕ್ಕ?” ಅಂದ.

ಕೊಟ್ಟೆ.

“ಮಂಜಲ್ಲಿ ದಾರಿ ತಪ್ಪಿ ಜ್ವರ ಬಂದು ನಿಮ್ಮನೇಲಿ ಮಲಗಿದ್ನಂತೆ. ಅಮ್ಮ ಹೇಳಿದ್ಲು. ನನಗೆ ಸರಿಯಾಗಿ ನೆನಪೇ ಇಲ್ಲ. ತುಂಬಾ ತೊಂದ್ರೆ ಕೊಟ್ನಾ?”

“ತೊಂದ್ರೆ ಏನಿಲ್ಲಪ್ಪ.”

ಊರಿಗೂ ಅವಳು ಅದನ್ನೇ ಹೇಳಿದ್ದಾಳಂತೆ. ಬಾಯಿ ಬಿಟ್ಟಿದ್ದರೆ ಈ ದೀಪ ನನ್ನ ಕೈತಪ್ಪುತ್ತಿತ್ತು.

ಟೊಪ್ಪಿಗೆ ತಲೆಯ ಮೇಲೇ ಇತ್ತು. ತೆಗೆದು ತೋರಿಸಿದ. “ಅಮ್ಮ ಒಳಗೆ ಲೈನಿಂಗ್ ಹಾಕಿಕೊಟ್ಲು, ಉಣ್ಣೆ ಚುಚ್ಚುತ್ತೆ ಅಂತ. ಇನ್ನು ಹತ್ತು ವರ್ಷ ಬರುತ್ತಂತೆ.” ಮೆತ್ತನೆಯ ನೀಲಿ ಬಟ್ಟೆ. ಹೊಲಿಗೆ ಎಲ್ಲಿದೆ ಅಂತ ಬೆರಳಾಡಿಸಿದೆ, ಸಿಗಲಿಲ್ಲ.

೩೦, ಸೋಮವಾರ. ಬೆಳಿಗ್ಗೆ ೯

ಮೂವತ್ತೆರಡು. ಟೈಲರಮ್ಮ ಎಲ್ಲರಿಗಿಂತ ಮೊದಲು ಬಂದು ಕೊಕ್ಕೆಗೆ ಹಾಕಿ ಹೋದಳು. ಅವನು ನಸುಕಿನಲ್ಲೇ ಕಡಲಿಗೆ ಹೋದ. ಆಣೆ ವಾಪಸ್ ತೆಗೆದುಕೊಂಡಿದ್ದಾಳಂತೆ. ಎಲ್ಲ ಹಚ್ಚಿದ್ದಾಯಿತು. ಮಂಜಿನ ಕೊನೆಯ ವಾರ, ಎಲ್ಲ ದಿನಕ್ಕಿಂತ ದಟ್ಟ.

ಎಸೆದಿಲ್ಲ. ಎಣ್ಣೆಯ ಅಳತೆಪಾತ್ರೆಯ ಹಿಂದೆ ಇಟ್ಟಿದ್ದೆ. ಈಗ ಕೈಯಲ್ಲಿದೆ. ಅರ್ಧ ಬತ್ತಿ. ಒಂದು ಕಡ್ಡಿ ಗೀರಿದರೆ ಸಾಕು.

ಒಬ್ಬರಿಗೆ ಒಂದೇ. ಗೊತ್ತು. ಬಂಡೆ ಎಲ್ಲಿದೆ ಅಂತಲೂ ಗೊತ್ತು. ಅವಳದನ್ನು ಆರಿಸಿ ನನ್ನದನ್ನು ಇಟ್ಟರೆ ಬಂಡೆಯ ಭಯವಿಲ್ಲ ಅಂತಲೂ — ಛೀ! ಬರೆಯುತ್ತಿರುವುದು ಯಾರು? ನಾನೇ. ಅವಳು ಊರಿಗೆಲ್ಲ ಸುಳ್ಳು ಹೇಳಿ ನನ್ನ ಮಾನ ಉಳಿಸಿದಳು. ಟೊಪ್ಪಿಗೆಗೆ ಲೈನಿಂಗ್ ಹಾಕಿದಳು. ನಾನು ಇಲ್ಲಿ ಕೂತು ಲೆಕ್ಕಾಚಾರ ಹಾಕುತ್ತಿದ್ದೇನೆ.

ಒಂದೇ ಒಂದು ಸಲ ಅಮ್ಮಾ ಅಂತ ಕೇಳಬೇಕು. ಇಷ್ಟೇ.

ಕೆಳಗೆ ಏನೋ ಸದ್ದು. ಮರದ ಕೋಲು ಕಲ್ಲಿನ ಮೇಲೆ ಬಡಿದಂತೆ.

ಇವರು. ಮೆಟ್ಟಿಲು ಹತ್ತುತ್ತಿದ್ದಾರೆ! ನಾಲ್ಕು ವರ್ಷದ ಮೇಲೆ, ಆ ಮೊಣಕಾಲು ಹೊತ್ತು. “ಅಲ್ಲೇ ನಿಲ್ಲಿ ರೀ, ನಾನೇ ಇಳಿದು ಬರ್ತೀನಿ” ಅಂತ ಕೂಗಿದೆ. ನಿಲ್ಲಲಿಲ್ಲ. ಕೋಲು, ಒಂದು ಹೆಜ್ಜೆ, ಏದುಸಿರು. ಮತ್ತೆ ಕೋಲು.

“ಎಸೆದಿಲ್ಲ ಅಂತ ನಂಗೊತ್ತು ಕಣೇ” ಅಂದರು, ಎಲ್ಲೋ ಮಧ್ಯದಿಂದ. “ಕಿತ್ಕೊಳ್ಳೋಕೆ ಬರ್ತಿಲ್ಲ. ನನಗೂ… ಅಪ್ಪ ಅನ್ನೋದು ಕಿವಿಯಿಂದ ಹೋಗ್ತಿಲ್ಲ. ಜೊತೆಗೆ ಕೂತ್ಕೊಳ್ಳೋಣ ಅಂತ ಬಂದೆ.”

ಎಣಿಸುತ್ತಿದ್ದಾರೆ. ಗಟ್ಟಿಯಾಗಿ. ಎಪ್ಪತ್ತೇಳು… ಎಪ್ಪತ್ತೆಂಟು…

ನೀರಿನ ಬಕೆಟ್ಟು ಕಾಲ ಹತ್ತಿರವೇ ಇದೆ. ಬತ್ತಿ ಹಾಕಿದೆ. ಮುಳುಗಲಿಲ್ಲ, ತೇಲಿತು. ಬೆರಳಿಂದ ಒತ್ತಿ ಹಿಡಿದಿದ್ದೇನೆ, ಎಡಗೈಯಲ್ಲಿ. ಬಲಗೈಯಲ್ಲಿ ಇದನ್ನು ಬರೆಯುತ್ತಿದ್ದೇನೆ. ಎಣ್ಣೆ ಬಿಡುತ್ತಿದೆ, ಎಳೆ ಬಿಚ್ಚುತ್ತಿದೆ.

ಎಪ್ಪತ್ತೊಂಬತ್ತು, ಅಂದರು. ನಿಂತರು. ಉಸಿರು ಎಳೆದುಕೊಂಡರು.

“ತೊಂಬತ್ತು” ಅಂದರು.